ಇಂಗ್ಲೆಂಡಿನ ಶಾಲೆಯಲ್ಲಿ ಸಂಬಳವಿಲ್ಲದ ರಜೆ: ಭಾಗಿಸುವುದು 365ರಿಂದಲೋ, 195ರಿಂದಲೋ?

ಊರಿನ ಮದುವೆ, ಗೃಹಪ್ರವೇಶಗಳ ಮುಹೂರ್ತ ಇಂಗ್ಲೆಂಡಿನ ಶಾಲಾ ರಜೆಗೆ ಹೊಂದುವುದು ಅಪರೂಪ. ಇಲ್ಲಿನ ಶಿಕ್ಷಕರಿಗೆ ಬೇಕೆಂದಾಗ ಹಾಕಿಕೊಳ್ಳುವ ಸಾಂದರ್ಭಿಕ ರಜೆ ಎಂಬುದಿಲ್ಲ. ಶಾಲೆ ಮುಚ್ಚಿದಾಗಲೇ ರಜೆ. ಟರ್ಮ್ ನಡುವೆ ಮದುವೆಗೆ ಹೋಗುವುದು ಹಕ್ಕಲ್ಲ, ಹೆಡ್‌ಟೀಚರ್ ಮನಸ್ಸು ಮಾಡಿದರೆ ಸಿಗುವ ಅನುಮತಿ. ಲಿಖಿತ ಒಪ್ಪಿಗೆ ಕೈಸೇರುವ ಮುಂಚೆ ಬೆಂಗಳೂರಿನ ಟಿಕೆಟ್ ತೆಗೆಯಬೇಡಿ. ಅನುಮತಿಯಿಲ್ಲದೆ ಹೋದರೆ ಸಂಬಳವಷ್ಟೇ ಅಲ್ಲ, ಶಿಸ್ತುಕ್ರಮವೂ ಬೆನ್ನಿಗೆ ಬೀಳುತ್ತದೆ.

ಒಪ್ಪಿಗೆ ಸಿಕ್ಕಮೇಲೂ ತಕರಾರು ಹುಟ್ಟುವುದು ಪೇಸ್ಲಿಪ್ ಬಂದಾಗ. ವರ್ಷಕ್ಕೆ 36,500 ಪೌಂಡ್ ಸಂಬಳ ಎಂದಿಟ್ಟುಕೊಳ್ಳಿ. 365ರಿಂದ ಭಾಗಿಸಿದರೆ ದಿನಕ್ಕೆ 100 ಪೌಂಡ್ ಕಡಿತ. ವಾರಕ್ಕೆ ಐದು ದಿನದ ಲೆಕ್ಕದಲ್ಲಿ 260ರಿಂದ ಭಾಗಿಸಿದರೆ 140.38. ಶಿಕ್ಷಕರು ಶಾಲೆಯಲ್ಲಿರಬೇಕಾದ 195 ದಿನಗಳಿಂದ ಭಾಗಿಸಿದರೆ 187.18. ಒಂದೇ ದಿನಕ್ಕೆ ಮೂರು ಬೆಲೆ!

ಸ್ಥಳೀಯ ಆಡಳಿತದ ಶಾಲೆಗಳಲ್ಲಿ ಉತ್ತರ ನೇರ. ಶಿಕ್ಷಕರ ಸೇವಾ ನಿಯಮಗಳ ‘ಬರ್ಗಂಡಿ ಬುಕ್’ ದಿನಕ್ಕೆ 365ನೇ ಒಂದು ಭಾಗ ಎನ್ನುತ್ತದೆ. ಆದರೆ ಗೈರಿನ ಅವಧಿಯ ಪ್ರತಿ ದಿನವೂ ಲೆಕ್ಕಕ್ಕೆ ಬರುತ್ತದೆ, ನಡುವಿನ ಶನಿವಾರ ಭಾನುವಾರವೂ ಸೇರಿ. ಸೋಮವಾರದಿಂದ ಮುಂದಿನ ವಾರದ ಶುಕ್ರವಾರದವರೆಗೆ ಹೋದರೆ 12 ದಿನ, 1,200 ಪೌಂಡ್. ಹಾಗಾಗಿ ಅರ್ಜಿಯಲ್ಲಿ ‘ಎರಡು ವಾರ’ ಎಂದು ಬರೆಯದೆ ಮೊದಲ ಮತ್ತು ಕೊನೆಯ ದಿನಾಂಕವನ್ನೇ ನಮೂದಿಸಿ. ‘ಎರಡು ವಾರ’ವನ್ನು ಸಂಬಳದ ಲೆಕ್ಕ ನೋಡುವ ಪೇರೋಲ್‌ನವರು 14 ದಿನ ಎಂದು ಓದಿದರೆ ತಪ್ಪು ಅವರದಲ್ಲ.

ಸರ್ಕಾರದ ಹಣದಲ್ಲಿ ನಡೆದರೂ ಸ್ಥಳೀಯ ಆಡಳಿತದ ಕೈಕೆಳಗಿರದ ಅಕಾಡೆಮಿಗಳನ್ನೂ ಖಾಸಗಿ ಶಾಲೆಗಳನ್ನೂ ಆ ಪುಸ್ತಕ ತಾನಾಗಿಯೇ ಕಟ್ಟಿಹಾಕುವುದಿಲ್ಲ. ಕರಾರುಪತ್ರ ಓದಬೇಕು. ಅದು ಈ ಬಗ್ಗೆ ಮೌನವಾಗಿದ್ದರೆ ಹಾರ್ಟ್ಲಿ ಎಂಬ ಶಿಕ್ಷಕರ ಪ್ರಕರಣ ನೆರವಿಗೆ ಬರುತ್ತದೆ. 2011ರ ನವೆಂಬರ್ 30ರ ಮುಷ್ಕರಕ್ಕೆ ಕಾಲೇಜೊಂದು 260ರ ಲೆಕ್ಕದಲ್ಲಿ ಕಡಿತ ಮಾಡಿತ್ತು. ಕೆಳಗಿನ ನ್ಯಾಯಾಲಯಗಳು ಕಾಲೇಜಿನ ಪರ ನಿಂತವು. 2017ರ ಮೇನಲ್ಲಿ ಸುಪ್ರೀಂ ಕೋರ್ಟ್ ಅದನ್ನು ತಿರುಗಿಸಿತು: 1870ರ ಅಪೋರ್ಷನ್‌ಮೆಂಟ್ ಕಾಯ್ದೆಯ ಪ್ರಕಾರ ವಾರ್ಷಿಕ ಸಂಬಳ ದಿನದಿನವೂ ಸಮನಾಗಿ ಕೂಡುತ್ತಾ ಹೋಗುತ್ತದೆ, ಆದ್ದರಿಂದ 365. ಶಿಕ್ಷಕರು ಸಂಜೆ, ವಾರಾಂತ್ಯ, ರಜೆಯಲ್ಲೂ ಉತ್ತರಪತ್ರಿಕೆ ತಿದ್ದುತ್ತಾರೆಂಬ ವಾಸ್ತವ ಅಲ್ಲಿ ತೂಕ ಪಡೆಯಿತು. ಕರಾರಿನಲ್ಲಿ ಬೇರೆ ಸೂತ್ರವನ್ನು ಸ್ಪಷ್ಟವಾಗಿ ಬರೆದಿದ್ದರೆ ಮಾತ್ರ ಈ ತೀರ್ಪು ನಿಮ್ಮನ್ನು ಕಾಯದು.

ಹೆಡ್‌ಟೀಚರ್ ಕೃಪೆ ಬೇಡದ ರಜೆಗಳೂ ಇವೆ, ಕಾನೂನಿನಂತೆ ಸಂಬಳವಿಲ್ಲದೆ. ತಂದೆ ತಾಯಿಗೆ ಹಠಾತ್ ಕಾಯಿಲೆ ಅಥವಾ ಸಾವು ಎಂದಾಗ ತುರ್ತು ರಜೆ. ಅದು ವ್ಯವಸ್ಥೆ ಮಾಡಲು ಬೇಕಾದಷ್ಟು ದಿನಕ್ಕೆ, ವಾರಗಟ್ಟಲೆ ಆರೈಕೆಗಲ್ಲ. ದೀರ್ಘಕಾಲದ ಆರೈಕೆ ಬೇಕಾದ ಹಿರಿಯರಿಗಾಗಿ 2024ರ ಏಪ್ರಿಲ್‌ನಿಂದ ವರ್ಷಕ್ಕೆ ಒಂದು ವಾರದ ಕೇರರ್ಸ್ ಲೀವ್ ಇದೆ. ಅತ್ತೆ ಮಾವ ‘ಪೋಷಕರು’ ಎಂಬ ಪದದೊಳಗೆ ಬರುವುದಿಲ್ಲ. ಅವರು ನಿಮ್ಮ ಮನೆಯಲ್ಲೇ ಇದ್ದರೆ ಅಥವಾ ಆರೈಕೆಗೆ ನಿಮ್ಮನ್ನೇ ನೆಚ್ಚಿದ್ದರೆ ಮಾತು ಬೇರೆ.

ಸ್ಕಿಲ್ಡ್ ವರ್ಕರ್ ವೀಸಾದಲ್ಲಿ ಇರುವವರು ಇನ್ನೊಂದು ಅಂಕಿ ನೆನಪಿಡಬೇಕು. ಜನವರಿಯಿಂದ ಡಿಸೆಂಬರ್‌ವರೆಗೆ ಸಂಬಳವಿಲ್ಲದ ದಿನಗಳೆಲ್ಲ ಕೂಡಿ 4 ವಾರ ಮೀರಿದರೆ, ಹೆರಿಗೆ, ಅನಾರೋಗ್ಯದಂಥ ವಿನಾಯಿತಿಗಳ ಹೊರತು, ನಿಮ್ಮ ವೀಸಾಕ್ಕೆ ಆಧಾರವಾದ ಪ್ರಾಯೋಜನೆಯನ್ನು (ಸ್ಪಾನ್ಸರ್‌ಶಿಪ್) ಶಾಲೆ ನಿಲ್ಲಿಸಬೇಕಾಗುತ್ತದೆ. ಹೆಡ್‌ಟೀಚರ್ ಖುಷಿಯಿಂದ ಕೊಟ್ಟ ರಜೆಯೂ ಈ ಲೆಕ್ಕಕ್ಕೆ ಸೇರುತ್ತದೆ.

ಕಡಿತ ಹೆಚ್ಚಾಗಿದೆ ಎನಿಸಿದರೆ ಮೊದಲು ಪೇರೋಲ್‌ಗೆ ಬರೆದು, ಯಾವ ಸಂಖ್ಯೆಯಿಂದ ಭಾಗಿಸಿದಿರಿ, ಎಷ್ಟು ದಿನ ಹಿಡಿದಿರಿ ಎಂದು ಕೇಳಿ. ಬಗೆಹರಿಯದಿದ್ದರೆ ಯೂನಿಯನ್‌ಗೆ ತಿಳಿಸಿ, ಶಾಲೆಗೆ ಲಿಖಿತ ದೂರು (ಗ್ರೀವೆನ್ಸ್) ಹಾಕಿ. ಇಲ್ಲೇ ಬಹಳ ಮಂದಿ ಎಡವುವುದು: ಶಾಲೆಯೊಳಗಿನ ವಿಚಾರಣೆ ಮುಗಿಯಲೆಂದು ಕಾಯುತ್ತಾರೆ, ಗಡುವು ಮಾತ್ರ ಓಡುತ್ತಲೇ ಇರುತ್ತದೆ. ಕಡಿತವಾದ ದಿನದಿಂದ 3 ತಿಂಗಳಿಗೆ ಒಂದು ದಿನ ಕಡಿಮೆ, ಅಷ್ಟರೊಳಗೆ ಉದ್ಯೋಗ ವಿವಾದಗಳಲ್ಲಿ ರಾಜಿ ಮಾಡಿಸುವ ಏಕಾಸ್ ಸಂಸ್ಥೆಯಲ್ಲಿ ಸಂಧಾನಕ್ಕೆ ಅರ್ಜಿ ಬಿದ್ದಿರಬೇಕು. ಅದರ ಪ್ರಮಾಣಪತ್ರದ ಸಂಖ್ಯೆಯಿಲ್ಲದೆ ಉದ್ಯೋಗ ವಿವಾದಗಳ ನ್ಯಾಯಮಂಡಳಿಯಾದ ಎಂಪ್ಲಾಯ್‌ಮೆಂಟ್ ಟ್ರಿಬ್ಯೂನಲ್ ಅರ್ಜಿ ಸ್ವೀಕರಿಸುವುದಿಲ್ಲ. ಮುಷ್ಕರದ ಕಡಿತ ಟ್ರಿಬ್ಯೂನಲ್ ವ್ಯಾಪ್ತಿಗೇ ಬರದು. ಅದಕ್ಕೆ ಕೌಂಟಿ ಕೋರ್ಟ್ ದಾರಿ. ಕರಾರು ಉಲ್ಲಂಘನೆಯ ದಾವೆಗೆ ಅಲ್ಲಿ 6 ವರ್ಷ ಕಾಲಾವಕಾಶವಿದೆ, ಆದರೆ ಶುಲ್ಕ ಕಟ್ಟಬೇಕು.