ಪೈಪಿನೊಳಗೇ ಐಸ್ ಕಟ್ಟಿಸಿ ವಾಲ್ವ್ ಬದಲಿಸಿದೆ

ಫ್ಲಶ್ ಟ್ಯಾಂಕಿಗೆ ಹೋಗುವ ನೀರು ನಿಲ್ಲಿಸುವ ವಾಲ್ವ್ ಎಷ್ಟು ತಿರುಗಿಸಿದರೂ ಪೂರ್ತಿ ಮುಚ್ಚುತ್ತಿರಲಿಲ್ಲ. ಬದಲಿಸೋಣ ಅಂದ್ರೆ ಇಡೀ ಮನೆಯ ನೀರು ನಿಲ್ಲಿಸುವ ಮೇನ್ ವಾಲ್ವ್ ತುಕ್ಕು ಹಿಡಿದು ಕೂತಿತ್ತು. ಜೋರು ಮಾಡಿದರೆ ಅದೇ ಮುರಿದರೆ? ಅದಕ್ಕೇ ಪೈಪಿನೊಳಗಿನ ನೀರನ್ನೇ ಐಸ್ ಮಾಡಿ ಹರಿವು ತಡೆಯುವ ದಾರಿ ಹಿಡಿದೆ.

ನಮ್ಮದು 15 ಮಿ.ಮೀ. ತಾಮ್ರದ ಪೈಪು. ಫ್ರೀಜಿಂಗ್ ಸ್ಪ್ರೇ ಕಿಟ್ ತಂದು, ಅದರ ಜಾಕೆಟ್ ಪೈಪಿಗೆ ಬಿಗಿಯಾಗಿ ಸುತ್ತಿ ಸ್ಪ್ರೇ ಬಿಟ್ಟೆ. ಮೊದಲ ಸಲ ಐಸ್ ಹಿಡಿಯಲೇ ಇಲ್ಲ. ನೋಡಿದರೆ ಟ್ಯಾಂಕ್ ಇನ್ನೂ ತುಂಬುತ್ತಿತ್ತು! ಹರಿಯುವ ನೀರು ಈ ಸ್ಪ್ರೇಗೆ ಹೆಪ್ಪುಗಟ್ಟುವುದಿಲ್ಲ, ಅದು ಅಲುಗಾಡದೆ ನಿಂತಿರಲೇಬೇಕು.

ಟ್ಯಾಂಕ್ ತುಂಬಿ ಸದ್ದು ನಿಂತ ಮೇಲೆ ಎರಡನೇ ಕ್ಯಾನ್ ಬಿಟ್ಟೆ. ಸ್ವಲ್ಪ ಹೊತ್ತಿಗೆ ಜಾಕೆಟ್‌ನ ಎರಡೂ ಬದಿಗೆ ಪೈಪಿನ ಮೇಲೆ ಬೆಳ್ಳಗೆ ಹಿಮದ ಪುಡಿ ಕೂತಿತು. ಆದರೂ ಅವಸರ ಮಾಡಲಿಲ್ಲ. ಬಕೆಟ್ ಇಟ್ಟು, ಹಳೆ ವಾಲ್ವ್‌ನ ನಟ್ ಅರ್ಧ ಸುತ್ತು ಮಾತ್ರ ಸಡಿಲಿಸಿದೆ. ನಾಲ್ಕು ಹನಿ ಬಿದ್ದು ನಿಂತಿತು. ಆ ಕ್ಷಣದ ಸಮಾಧಾನ ಹೇಳತೀರದು.

ಹೊಸ ವಾಲ್ವ್, ಸ್ಪ್ಯಾನರ್ ಎಲ್ಲ ಮೊದಲೇ ಕೈಗೆ ಸಿಗುವ ಹಾಗೆ ಇಟ್ಟುಕೊಳ್ಳಿ. ಐಸ್ ಕರಗಲು ಜಾಸ್ತಿ ಹೊತ್ತು ಬೇಡ. ನಟ್ ಬಿಗಿಯುವ ವಾಲ್ವನ್ನೇ ತನ್ನಿ. ಬೆಸುಗೆ ಹಾಕಿದರೆ ಅದರ ಬಿಸಿ ತಾಮ್ರದ ಮೂಲಕ ಹರಿದು ಐಸ್ ಕರಗಿಸುತ್ತದೆ. ಕೆಲವು ಸ್ಪ್ರೇ ಗ್ಯಾಸ್‌ಗೆ ಬೆಂಕಿಯೂ ಹತ್ತುತ್ತದೆ. ಕಿಟಕಿ ತೆರೆದಿರಲಿ, ಗ್ಲೌಸ್ ಮರೆಯಬೇಡಿ.