ಮೊದಲು ಗಂಟಲು, ಆಮೇಲೆ ಕೀಬೋರ್ಡ್

ಸಿನಿಮಾ ಹಾಡಿಗೆ ರಾಗ ಹಾಕುವುದನ್ನು ಕಲಿಯಲು ಮೈಸೂರಿನ ಸರಸ್ವತಿಪುರಂನ ನನ್ನ ಕೋಣೆಗೆ ಬರುವ ಹುಡುಗರು ಲ್ಯಾಪ್‌ಟಾಪ್ ತೆರೆದೇ ಕೂರುತ್ತಾರೆ. ಅದನ್ನು ಮುಚ್ಚಿಸುವುದೇ ನನ್ನ ಮೊದಲ ಪಾಠ. ಮೂರು ಸಣ್ಣ ಚಿತ್ರಗಳಿಗೆ, ಲೆಕ್ಕವಿಲ್ಲದಷ್ಟು ನಾಟಕಗಳಿಗೆ ಸಂಗೀತ ಮಾಡಿ ನಾನು ಕಂಡುಕೊಂಡದ್ದಿಷ್ಟು: ಮಾಡಿದವನೇ ಗುನುಗಲಾಗದ ಟ್ಯೂನಿಗೆ ಐವತ್ತು ಪಿಟೀಲು ಸೇರಿಸಿದರೂ ಜನ ಅದನ್ನು ಗುನುಗುವುದಿಲ್ಲ.

ನಿರ್ದೇಶಕರು ಇಡೀ ಕಥೆ ಹೇಳುತ್ತಾರೆ, ಹೇಳಲಿ. ನೀವು ಬರೆದುಕೊಳ್ಳಬೇಕಾದದ್ದು ಹಾಡಿನ ಹಿಂದುಮುಂದಿನ ದೃಶ್ಯ, ತೆರೆಯ ಮೇಲೆ ಹಾಡುವವರು ಯಾರು, ಎಷ್ಟು ನಿಮಿಷ, ಇಷ್ಟೇ. ನನಗೆ ಬಂದ ಒಂದು ಸನ್ನಿವೇಶ: ಮಂಡ್ಯ ರೈಲು ನಿಲ್ದಾಣ, ಬೆಳಗಿನ ಜಾವ, ಕೆಲಸ ಹುಡುಕಿಕೊಂಡು ಬೆಂಗಳೂರಿಗೆ ಹೊರಟ ಮಗ, ಬುತ್ತಿ ಹಿಡಿದು ನಿಂತ ತಾಯಿ. ‘ಅಳು ಬರಬೇಕು ಸಾರ್’ ಎಂದರು ನಿರ್ದೇಶಕರು. ಯಾರಿಗೆ? ಅವಳು ಗೋಳಾಡುತ್ತಾಳೋ, ಅಳು ನುಂಗಿಕೊಂಡು ಬುತ್ತಿಯ ಗಂಟನ್ನು ಮತ್ತೆ ಮತ್ತೆ ಬಿಗಿಮಾಡುತ್ತಾಳೋ? ಇಂಥದ್ದನ್ನು ಅವರ ಬಾಯಿಂದಲೇ ಹೇಳಿಸಿ. ಅವರು ಗಂಟು ಬಿಗಿಮಾಡುವವಳನ್ನೇ ಆರಿಸಿದರು.

ಆ ಕೈಗಳನ್ನು ನೆನೆಯುತ್ತಾ ನನ್ನ ಬಾಯಿಗೆ ಬಂದದ್ದು ‘ತನನ ತಾನಾ ತನನ ತಾನಾ’. ಹ್ರಸ್ವಾಕ್ಷರಕ್ಕೆ ಒಂದು, ದೀರ್ಘಕ್ಕೆ ಎರಡು ಮಾತ್ರೆಯಂತೆ ಎಣಿಸಿದರೆ ಮೂರು, ನಾಲ್ಕು, ಮೂರು, ನಾಲ್ಕು, ಅಂದರೆ ಏಳೇಳರ ಮಿಶ್ರ ನಡೆ. ಇದರಲ್ಲಿ ನನ್ನ ಹೆಚ್ಚುಗಾರಿಕೆ ಏನೂ ಇಲ್ಲ. ಭಾಮಿನಿ ಷಟ್ಪದಿಯ ಸಾಲು ನಡೆಯುವುದೇ ಹೀಗೆ, ಜಗಲಿಯಲ್ಲಿ ಗಮಕ ವಾಚಿಸುತ್ತಿದ್ದ ತಾತನಿಂದ ಕಿವಿಗೆ ಬಿದ್ದದ್ದು. ತನನವನ್ನೇ ಮೊಬೈಲಿನಲ್ಲಿ ಹಾಡಿ ಸಾಹಿತ್ಯ ಬರೆಯುವವರಿಗೆ ಕಳಿಸಿ, ಜೊತೆಗೆ ಮಾತ್ರೆಯ ಲೆಕ್ಕ ಕೊಡಿ. ನನಗೆ ‘ಮರೆಯಬೇಡ ಮನೆಯ ದಾರಿ’ ಎಂದು ಬಂತು. ಎಣಿಸಿದರೆ ‘ಬೇಡ’, ‘ದಾರಿ’ ಎರಡರಲ್ಲೂ ಒಂದೊಂದು ಮಾತ್ರೆ ಕಡಿಮೆ. ಪದ ಬದಲಿಸಿ ಎಂದು ಜಗಳಕ್ಕೆ ಹೋಗುವ ಮುನ್ನ ಒಮ್ಮೆ ಹಾಡಿನೋಡಿ. ‘ಡ’ವನ್ನೂ ‘ರಿ’ಯನ್ನೂ ಎಳೆದೆ, ದೂರದಿಂದ ಕೂಗಿ ಹೇಳಿದಂತಾಯಿತು. ಹಾಗೆಯೇ ಉಳಿಸಿಕೊಂಡೆ.

ಎಡವಿದ್ದು ಶ್ರುತಿಯಲ್ಲಿ. ನನ್ನ ಗಂಟಲಿಗೆ ಹೊಂದಿದ ಶ್ರುತಿಯಲ್ಲೇ ಕೊಳಲು, ಪಿಟೀಲು ಎಲ್ಲ ರೆಕಾರ್ಡ್ ಮಾಡಿ ಮುಗಿಸಿ, ಕೊನೆಗೆ ಗಾಯಕಿಯನ್ನು ಕರೆಸಿದೆ. ಚರಣದ ಮೇಲಿನ ಸ್ವರ ಅವರಿಗೆ ಎಟುಕಲಿಲ್ಲ. ಕಂಪ್ಯೂಟರಿನಲ್ಲಿ ಶ್ರುತಿ ಇಳಿಸಿದರೆ ಕೊಳಲಿಗೆ ನೆಗಡಿಯಾದಂತೆ ಕೇಳಿಸಿತು. ಕೊಳಲಿನವರಿಗೆ ಎರಡನೆಯ ಸಲ ಕೈಯಿಂದ ಹಣ ಕೊಟ್ಟೆ. ನಮ್ಮ ಮೈಸೂರಿನವರೇ ಆದ ರಾಜನ್–ನಾಗೇಂದ್ರ ಸಹೋದರರು 1952ರಲ್ಲಿ ‘ಸೌಭಾಗ್ಯಲಕ್ಷ್ಮಿ’ಯೊಂದಿಗೆ ಚಿತ್ರಸಂಗೀತಕ್ಕೆ ಕಾಲಿಟ್ಟಾಗ ಹಾಡುವವರೂ ನುಡಿಸುವವರೂ ಒಟ್ಟಿಗೆ ಕೂರಬೇಕಿತ್ತು. ಶ್ರುತಿ ಇತ್ಯರ್ಥವಾಗದೆ ರೆಕಾರ್ಡಿಂಗ್ ಶುರುವೇ ಆಗುತ್ತಿರಲಿಲ್ಲ. ನಾವು ಬಿಡಿಬಿಡಿಯಾಗಿ ಮಾಡುವವರು. ವಾದ್ಯಗಳ ಟ್ರ್ಯಾಕ್ ಮಾಡುವ ಮೊದಲೇ ಗಾಯಕರಿಂದ ಹಾಡಿನ ಅತಿ ಕೆಳಗಿನ, ಅತಿ ಮೇಲಿನ ಸಾಲುಗಳನ್ನು ಹಾಡಿಸಿ, ಉಸಿರು ತೆಗೆದುಕೊಳ್ಳುವ ಜಾಗಕ್ಕೆ ಗುರುತು ಹಾಕಿ.

ಇನ್ನು ಕಾಗದಪತ್ರ. ಚಿತ್ರಮಂದಿರದ ಪ್ರದರ್ಶನ ಬಿಟ್ಟು ಬೇರೆಡೆ ಹಾಡು ಬಳಕೆಯಾದಾಗ ಬರುವ ರಾಯಧನದ ಹಕ್ಕನ್ನು ನಿರ್ಮಾಪಕರಿಗೆ ಬರೆದುಕೊಡುವಂತಿಲ್ಲ ಎಂದು 2012ರ ಹಕ್ಕುಸ್ವಾಮ್ಯ ತಿದ್ದುಪಡಿ ಹೇಳುತ್ತದೆ. ಒಪ್ಪಂದವನ್ನು ಓದಿ ಸಹಿ ಮಾಡಿ, ಸಂಗೀತ, ಸಾಹಿತ್ಯ ಮಾಡಿದವರ ಪರವಾಗಿ ರಾಯಧನ ಸಂಗ್ರಹಿಸಿ ಹಂಚುವ ಸಂಸ್ಥೆ ಐಪಿಆರ್‌ಎಸ್‌ನ ಸದಸ್ಯರಾಗಿ, ಹಾಡನ್ನು ನೋಂದಾಯಿಸಿ. ಹೆಸರಿನ ಜಾಗದಲ್ಲಿ ಪಲ್ಲವಿಯ ಮೊದಲ ಸಾಲು ಬರೆಯಿರಿ. ನಾನು ಫೈಲಿನಲ್ಲಿದ್ದಂತೆ ‘ತಾಯಿ ಹಾಡು ಫೈನಲ್ ಎರಡು’ ಎಂದು ಬರೆದಿದ್ದೆ.