ರಫ್ತಿನ ಡಾಲರಿಗೆ ಮೊದಲೇ ದರ ಕಟ್ಟುವುದು ಹೇಗೆ?

ಬೆಳಗಾವಿಯ ಉದ್ಯಮಬಾಗದ ಫೌಂಡ್ರಿಯೊಂದರ ಲೆಕ್ಕಪತ್ರ ನನ್ನ ಕೈಯಲ್ಲಿದೆ. ಎರಕದ ಬಿಡಿಭಾಗಗಳಿಗೆ ಹಣ ಬರುವುದು ಡಾಲರಿನಲ್ಲಿ, ಅದೂ ಸರಕು ಹೋಗಿ 90 ದಿನಗಳ ಮೇಲೆ. ಸಂಬಳ, ಕರೆಂಟ್ ಬಿಲ್ಲು ಮಾತ್ರ ರೂಪಾಯಿಯಲ್ಲಿ.

ಆರ್ಡರ್ ಖಚಿತವಾದ ಕೂಡಲೇ ಬ್ಯಾಂಕಿನೊಂದಿಗೆ ಫಾರ್ವರ್ಡ್ ಒಪ್ಪಂದ, ಅಂದರೆ ಮುಂದೆ ಬರುವ ಡಾಲರನ್ನು ಇಂದೇ ಗೊತ್ತುಮಾಡಿದ ದರಕ್ಕೆ ಮಾರುವ ಕರಾರು, ಮಾಡಿಕೊಳ್ಳಿ. 50,000 ಡಾಲರಿನ ಬಿಲ್ಲು ಎಂದುಕೊಳ್ಳೋಣ. ನಾನಾದರೆ 35,000ಕ್ಕೆ ಮಾತ್ರ ದರ ಕಟ್ಟುತ್ತೇನೆ. ಗಿರಾಕಿ ಕೈಕೊಟ್ಟು ಒಪ್ಪಂದ ರದ್ದಾದರೆ, ಅಷ್ಟರಲ್ಲಿ ಡಾಲರ್ ಏರಿದ್ದರೆ, ವ್ಯತ್ಯಾಸ ತುಂಬುವ ಪಾಡು ನಮ್ಮದೇ. ಹಣ ಬರುವ ದಿನವೂ ಹಿಂದುಮುಂದಾಗಬಹುದು, ಆದ್ದರಿಂದ ಒಂದೇ ತಾರೀಖಿಗೆ ಕಟ್ಟುಬೀಳದೆ, ತಿಂಗಳೊಳಗೆ ಯಾವ ದಿನವಾದರೂ ಡಾಲರ್ ಒಪ್ಪಿಸುವ ಆಯ್ಕೆ ಕೇಳಿ. ನಮ್ಮ ಬಡ್ಡಿ ದರ ಅಮೆರಿಕದ್ದಕ್ಕಿಂತ ಹೆಚ್ಚಿರುವಾಗ ಫಾರ್ವರ್ಡ್ ದರ ಇಂದಿನ ದರಕ್ಕಿಂತ ತುಸು ಮೇಲಿರುತ್ತದೆ. ಆ ಪ್ರೀಮಿಯಂ ರಫ್ತುದಾರನ ಪಾಲು. ಬ್ಯಾಂಕು ಅದರಲ್ಲಿ ಎಷ್ಟು ಮುರಿದುಕೊಂಡಿದೆ ಎಂದು ಕೇಳಲು ಸಂಕೋಚವೇಕೆ? ಇನ್ನೊಂದು ಬ್ಯಾಂಕಿನ ದರವನ್ನೂ ತರಿಸಿ.

ಇನ್ನು ಲಾರಿ ಬಾಡಿಗೆ ಏರಿಸುವ ಡೀಸೆಲ್. ಸರಕು ವಿನಿಮಯ ಕೇಂದ್ರವಾದ ಎಂಸಿಎಕ್ಸ್‌ನಲ್ಲಿ ಕಚ್ಚಾತೈಲದ ವಾಯಿದೆ ವ್ಯಾಪಾರವಿದೆ, ಅಂದರೆ ಮುಂದಿನ ತಾರೀಖಿನ ಸರಕಿಗೆ ಇಂದೇ ದರ ಕಟ್ಟಬಹುದು. ಆದರೆ ಬಂಕಿನ ದರ ಅದರ ಬೆನ್ನಿಗೇ ಓಡುವುದಿಲ್ಲ. ನಮ್ಮಂಥವರಿಗೆ ಅದು ಜೂಜು. ಬದಲಿಗೆ ಮುಂಬೈ ಬಳಿಯ ನ್ಹಾವಾ ಶೇವಾ ಬಂದರಿಗೆ ಕಂಟೇನರ್ ಒಯ್ಯುವ ಲಾರಿ ಮಾಲೀಕರೊಂದಿಗೆ ಕರಾರು ಮಾಡಿಕೊಳ್ಳಿ: ಡೀಸೆಲ್ ಲೀಟರಿಗೆ 3 ರೂಪಾಯಿಗಿಂತ ಹೆಚ್ಚು ಏರಿದರೆ ಬಾಡಿಗೆ ಏರಲಿ, ಅಷ್ಟೇ ಇಳಿದರೆ ಇಳಿಯಲಿ. ಎರಡನೆಯ ಮಾತನ್ನು ಅವರಾಗಿಯೇ ಬರೆಯುವುದಿಲ್ಲ, ನೀವೇ ಬರೆಸಬೇಕು.